ಒಂದೇ ಮ್ಯಾಚಿಗೆ ಮುಗಿಯುವ ಸೀಸನ್

ಹದಿನಾರು ಕಾಲೇಜುಗಳು ಸೇರಿ ನಾಕೌಟ್ ಟೂರ್ನಿ ಆಡಿದರೆ ನಡೆಯುವುದು ಒಟ್ಟು 15 ಪಂದ್ಯ. ಮೊದಲ ಸುತ್ತು ಮುಗಿಯುವಷ್ಟರಲ್ಲಿ ಎಂಟು ತಂಡಗಳು ಊರಿನ ಬಸ್ಸು ಹತ್ತಿರುತ್ತವೆ. ವಾರಗಟ್ಟಲೆ ನಸುಕಿನಲ್ಲೇ ಎದ್ದು ಓಡಿದ್ದು, ಮನೆಯಲ್ಲಿ ಕಾಡಿ ಬೇಡಿ ಬೂಟು ಕೊಡಿಸಿಕೊಂಡದ್ದು, ಕ್ಲಾಸು ತಪ್ಪಿಸಿ ಬೈಸಿಕೊಂಡದ್ದು ಎಲ್ಲಕ್ಕೂ ಸಿಕ್ಕಿದ್ದು ಒಂದೇ ಒಂದು ಮ್ಯಾಚು. ಎಂಟು ತಂಡ ಅಂದರೆ ಅರ್ಧಕ್ಕೆ ಅರ್ಧ. ತಂಡಗಳು ಎಷ್ಟೇ ಇರಲಿ, ನಾಕೌಟಿನ ಸ್ವಭಾವ ಬದಲಾಗುವುದಿಲ್ಲ. ಪ್ರತಿ ಪಂದ್ಯಕ್ಕೂ ಒಂದು ತಂಡ ಮನೆಗೆ ಹೋಗಲೇಬೇಕು.

ಕೋಲಾರ ಜಿಲ್ಲೆಯ ಪದವಿ ಕಾಲೇಜುಗಳ ಫುಟ್‌ಬಾಲ್ ಬಗ್ಗೆ ಮಾತಾಡುವುದಾದರೆ ಈ ಲೆಕ್ಕದಿಂದಲೇ ಶುರು ಮಾಡಬೇಕು. ಮಾಲೂರಿನಲ್ಲೋ ಮುಳಬಾಗಿಲಿನಲ್ಲೋ ಶ್ರೀನಿವಾಸಪುರದಲ್ಲೋ ಹುಡುಗರು ತಂಡ ಕಟ್ಟಿಕೊಂಡು ಅಂತರ ಕಾಲೇಜು ಟೂರ್ನಿಗೆ ಹೊರಟರೆ, ಅವರಲ್ಲಿ ಹಲವರ ಕಾಲೇಜು ಫುಟ್‌ಬಾಲ್ ಬದುಕು ವರ್ಷಕ್ಕೊಂದರಂತೆ ಮೂರು ಮ್ಯಾಚಿನಲ್ಲಿ ಮುಗಿದುಹೋಗುತ್ತದೆ. ಮೂರು ವರ್ಷದ ಪದವಿ, ಮೂರು ಸೋಲು. ಹುಡುಗರಲ್ಲಿ ಆಟ ಇಲ್ಲ ಎಂದು ಇದಕ್ಕೆ ಷರಾ ಬರೆಯುವವರಿದ್ದಾರೆ. ನಾನು ಒಪ್ಪುವುದಿಲ್ಲ. ಆಡದೆ ಆಟ ಬರುವುದಾದರೂ ಹೇಗೆ?

ಸೀಸನ್ ಹೇಗೆ ನಡೆಯುತ್ತದೆ ಎನ್ನುವುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಈ ಮೂರು ಊರು ಮತ್ತು ಕೋಲಾರ, ಹೀಗೆ ನಾಲ್ಕೂ ಊರಿನ ಸರ್ಕಾರಿ ಪದವಿ ಕಾಲೇಜುಗಳು ಬೆಂಗಳೂರು ಉತ್ತರ ವಿಶ್ವವಿದ್ಯಾಲಯದ ವ್ಯಾಪ್ತಿಗೆ ಬರುತ್ತವೆ. 2017ರಲ್ಲಿ ಬೆಂಗಳೂರು ವಿಶ್ವವಿದ್ಯಾಲಯ ಮೂರು ಹೋಳಾದಾಗ ಹುಟ್ಟಿದ, ಕೋಲಾರದ ಟಮಕದಲ್ಲಿ ಕಚೇರಿ ತೆರೆದ ವಿಶ್ವವಿದ್ಯಾಲಯ ಇದು. ಪ್ರತಿ ಶೈಕ್ಷಣಿಕ ವರ್ಷ ಒಂದೊಂದು ಆಟದ ಅಂತರ ಕಾಲೇಜು ಟೂರ್ನಿಯನ್ನು ಒಂದೊಂದು ಕಾಲೇಜಿಗೆ ವಹಿಸುವುದು ವಿಶ್ವವಿದ್ಯಾಲಯಗಳಲ್ಲಿ ನಡೆದುಬಂದ ಪದ್ಧತಿ. ಸುತ್ತೋಲೆ ಬಂದ ದಿನವೇ ದೈಹಿಕ ಶಿಕ್ಷಣ ನಿರ್ದೇಶಕರ ಓಡಾಟ ಶುರು. ಹುಡುಗರ ಬಾಯಲ್ಲಿ ಅವರು ಪಿಡಿ ಸರ್. ಎಲಿಜಿಬಿಲಿಟಿ ಫಾರಂ ತುಂಬಿಸಬೇಕು, ವಯಸ್ಸಿಗೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಜೆರಾಕ್ಸ್ ಬೇಕು, ಫೋಟೊ ಅಂಟಿಸಿ ಪ್ರಾಂಶುಪಾಲರ ಸಹಿ, ಮೊಹರು ಹಾಕಿಸಬೇಕು. ಹನ್ನೊಂದು ಜನ ಆಡುವವರು, ಮೇಲೆ ಬದಲಿಗೆ ನಾಲ್ಕೈದು ಜನ. ಇಷ್ಟು ಹುಡುಗರ ಕಾಗದ ಪತ್ರ ಒಟ್ಟುಮಾಡುವುದರಲ್ಲೇ ಒಂದು ವಾರ ಹೋಗುತ್ತದೆ. ಅದೇ ಪಿಡಿ ಸರ್ ಕಬಡ್ಡಿ, ಖೊಖೊ, ವಾಲಿಬಾಲ್, ಅಥ್ಲೆಟಿಕ್ಸ್ ಎಲ್ಲಕ್ಕೂ ಒಬ್ಬರೇ. ಕಾಲೇಜಿನ ಶಿಸ್ತು ಸಮಿತಿ, ಸ್ವಾತಂತ್ರ್ಯ ದಿನದ ಕವಾಯತು, ಪರೀಕ್ಷೆಯ ಕೊಠಡಿ ಮೇಲ್ವಿಚಾರಣೆಗಳೂ ಅವರ ತಲೆಯ ಮೇಲೆಯೇ ಬೀಳುತ್ತವೆ. ಫುಟ್‌ಬಾಲಿಗೆಂದು ಅವರಿಗೆ ಉಳಿಯುವುದು ಸಂಜೆಯ ಒಂದಿಷ್ಟು ಹೊತ್ತು.

ಆ ಒಂದಿಷ್ಟು ಹೊತ್ತಿಗೆ ಎಲ್ಲ ಹುಡುಗರೂ ಸಿಗುವುದಿಲ್ಲ. ಮಧ್ಯಾಹ್ನದ ಕ್ಲಾಸು ಮುಗಿಯುತ್ತಲೇ ಹಳ್ಳಿಯ ಕಡೆಯ ಬಸ್ಸು ಹಿಡಿಯಬೇಕಾದವರಿದ್ದಾರೆ. ಮನೆಯಲ್ಲಿ ಹಾಲು ಕರೆದು ಡೇರಿಗೆ ಹಾಕಬೇಕಾದವರಿದ್ದಾರೆ. ನರಸಾಪುರ, ವೇಮಗಲ್ ಕೈಗಾರಿಕಾ ಪ್ರದೇಶದ ಕಾರ್ಖಾನೆಗಳಲ್ಲಿ ಶಿಫ್ಟ್ ಕೆಲಸ ಮಾಡಿಕೊಂಡು ಓದುವವರಿದ್ದಾರೆ. ಟೊಮೆಟೊಗೆ ರೇಟು ಬಂದ ವಾರ ತೋಟ ಬಿಟ್ಟು ಬರುವುದಕ್ಕೆ ಯಾವ ಅಪ್ಪನೂ ಬಿಡುವುದಿಲ್ಲ, ಬಿಡಬೇಕೆಂದು ಕೇಳುವುದೂ ನ್ಯಾಯವಲ್ಲ. ಹೀಗಾಗಿ ಹನ್ನೊಂದೂ ಜನ ಒಟ್ಟಿಗೆ ನಿಂತು ಆಡುವುದು ಬಹಳ ಸಲ ಟೂರ್ನಿಯ ಮೊದಲ ಪಂದ್ಯದಲ್ಲೇ. ಅದೇ ಕೊನೆಯ ಪಂದ್ಯವೂ ಆಗಿಬಿಡುತ್ತದೆ.

ಕೆಂಪು ಮಣ್ಣಿನ ಮೇಲೆ

ಹುಲ್ಲಿನ ಮೈದಾನದಲ್ಲಿ ಆಡುವ ಫುಟ್‌ಬಾಲ್ ಬೇರೆ, ನಮ್ಮ ಸೀಮೆಯ ಫುಟ್‌ಬಾಲ್ ಬೇರೆ. ಇಲ್ಲಿನ ಮೈದಾನ ಎಂದರೆ ಗರಸು ಬೆರೆತ ಗಟ್ಟಿ ಕೆಂಪು ಮಣ್ಣು. ನಡುವೆ ಎಲ್ಲೋ ಒಂದು ಕ್ರಿಕೆಟ್ ಪಿಚ್, ಅಂಚಿನಲ್ಲಿ ಓಟದ ಟ್ರ್ಯಾಕಿಗೆ ಎಳೆದ ಹಳೆಯ ಸುಣ್ಣದ ಗೆರೆ. ಇಂಥ ನೆಲದಲ್ಲಿ ಚೆಂಡು ಉರುಳುವುದಕ್ಕಿಂತ ಪುಟಿಯುವುದೇ ಹೆಚ್ಚು. ಹತ್ತು ಗಜ ದೂರದವನಿಗೆ ನೆಲಕ್ಕೆ ತಾಗಿಸಿ ಕೊಟ್ಟ ಪಾಸು ಒಂದು ಕಲ್ಲಿಗೆ ತಗುಲಿ ಮೊಣಕಾಲ ಎತ್ತರಕ್ಕೆ ಎದ್ದುಬರುತ್ತದೆ. ಅದನ್ನು ಹಿಡಿತಕ್ಕೆ ತಂದುಕೊಳ್ಳುವಷ್ಟರಲ್ಲಿ ಎದುರಾಳಿ ಮೈಮೇಲೆ ಬಂದಿರುತ್ತಾನೆ. ಆದ್ದರಿಂದ ಇಲ್ಲಿನ ಹುಡುಗರು ಬೇಗನೆ ಒಂದು ಪಾಠ ಕಲಿಯುತ್ತಾರೆ: ಚೆಂಡನ್ನು ಎತ್ತಿ ಒದೆ, ಮುಂದೆ ಓಡುವವನು ಓಡಲಿ. ನೋಡುವವರಿಗೆ ಒರಟು ಆಟ ಅನ್ನಿಸಬಹುದು. ಆ ನೆಲದ ಮಟ್ಟಿಗೆ ಅದು ಬುದ್ಧಿವಂತಿಕೆಯ ಆಟ.

ಗೋಲ್‌ಕೀಪರನ ಕಷ್ಟ ಇನ್ನೊಂದು ಥರ. ಗೋಲಿನ ಅಗಲ 7.32 ಮೀಟರ್, ಎತ್ತರ 2.44 ಮೀಟರ್. ಅಷ್ಟು ಜಾಗ ಕಾಯಬೇಕಾದವನು ಬದಿಗೆ ಹಾರಲೇಬೇಕು. ಗರಸಿನ ಮೇಲೆ ಒಮ್ಮೆ ಹಾರಿದರೆ ಮೊಣಕೈಯಿಂದ ಸೊಂಟದವರೆಗೆ ಚರ್ಮ ತರಚಿಕೊಂಡು ಹೋಗುತ್ತದೆ. ಆ ಗಾಯ ಮಾಯುವ ಮೊದಲೇ ಮತ್ತೆ ಹಾರಬೇಕು. ಹಾಗಾಗಿ ಅಭ್ಯಾಸದಲ್ಲಿ ಯಾರೂ ಹಾರುವುದಿಲ್ಲ, ಕಾಲಿನಿಂದಲೇ ತಡೆಯುತ್ತಾರೆ. ಮ್ಯಾಚಿನ ದಿನ ಬಲಮೂಲೆಗೆ ನೆಲಮಟ್ಟದಲ್ಲಿ ಬಂದ ಹೊಡೆತಕ್ಕೆ ಕೈ ಹೋಗುವ ಬದಲು ಕಾಲು ಹೋಗುತ್ತದೆ. ಗೋಲು. ಗ್ಯಾಲರಿಯಲ್ಲಿ ಕೂತವರು ಹುಡುಗನಿಗೆ ಧೈರ್ಯ ಸಾಲದು ಎನ್ನುತ್ತಾರೆ. ಅಭ್ಯಾಸದ ಮೈದಾನದಲ್ಲಿ ಗೋಲಿನ ಮುಂದೆ ಎರಡು ಗಾಡಿ ಮರಳು ಸುರಿದಿದ್ದರೆ ಆ ಮಾತೇ ಹುಟ್ಟುತ್ತಿರಲಿಲ್ಲ.

ಬಲೆಯ ವಿಷಯವೂ ಚಿಕ್ಕದಲ್ಲ. ಬಲೆ ಕಟ್ಟದ ಗೋಲಿನಲ್ಲಿ ಜಗಳ ಗ್ಯಾರಂಟಿ. ಚೆಂಡು ಕಂಬದ ಒಳಗಿನಿಂದ ಹೋಯಿತೋ, ಹೊರಗಿನಿಂದ ಹೋಯಿತೋ? ಒಂದು ಕಡೆಯವರು ತೆಲುಗಿನಲ್ಲಿ, ಇನ್ನೊಂದು ಕಡೆಯವರು ಕನ್ನಡದಲ್ಲಿ, ನಡುವೆ ಒಂದಿಬ್ಬರು ಉರ್ದುವಿನಲ್ಲಿ ರೆಫರಿಯನ್ನು ಸುತ್ತುವರಿಯುತ್ತಾರೆ. ಮುಳಬಾಗಿಲು, ಶ್ರೀನಿವಾಸಪುರದ ಕಡೆ ಮನೆಮಾತು ತೆಲುಗಾಗಿರುವ ಹುಡುಗರೇ ತಂಡದಲ್ಲಿ ಹೆಚ್ಚಿರಬಹುದು, ಪಾಸು ಕೇಳುವುದೂ ತೆಲುಗಿನಲ್ಲೇ. ಈ ಗಡಿ ಜಿಲ್ಲೆಯ ಆಟದಲ್ಲಿ ನನಗೆ ಬಹಳ ಇಷ್ಟವಾಗುವ ಸಂಗತಿ ಇದು. ಮೂರು ಭಾಷೆಯವರು ಒಂದೇ ಜೆರ್ಸಿ ತೊಟ್ಟು ಒಂದೇ ಗೋಲಿಗಾಗಿ ಕೂಗುತ್ತಾರೆ.

ಇನ್ನೊಂದು ಮಾತು ಮಳೆಯದು. ವರ್ಷವಿಡೀ ಹರಿಯುವ ನದಿಯಿಲ್ಲದ, ಕೆರೆಗಳನ್ನೇ ನಂಬಿದ ಈ ಜಿಲ್ಲೆಯಲ್ಲಿ ಮಳೆ ಜೋರಾಗಿ ಬೀಳುವುದು ಸೆಪ್ಟೆಂಬರ್, ಅಕ್ಟೋಬರಿನಲ್ಲಿ. ವರ್ಷವೆಲ್ಲ ಬಿಗಿದುಕೊಂಡಿದ್ದ ನೆಲ ಆಗ ಮಾತ್ರ ಸ್ವಲ್ಪ ಮೆತ್ತಗಾಗುತ್ತದೆ. ಬಿದ್ದರೆ ಗಾಯವಾಗುವುದಿಲ್ಲ, ಪಾಸು ನೆಲದ ಮೇಲೆ ನಿಲ್ಲುತ್ತದೆ. ಫುಟ್‌ಬಾಲ್ ಆಡಲು ಕೋಲಾರಕ್ಕೆ ನಿಸರ್ಗ ಕೊಟ್ಟ ಎರಡು ತಿಂಗಳು ಇವು. ಈ ಮಾತನ್ನು ಆಮೇಲೆ ಮತ್ತೆ ಎತ್ತಿಕೊಳ್ಳುತ್ತೇನೆ.

ಒಂದು ಸರ್ಟಿಫಿಕೇಟಿನ ತೂಕ

ಒಂದು ಮ್ಯಾಚು ಸೋತರೆ ಏನಾಯಿತು, ಆಟವಲ್ಲವೇ ಎಂದು ಕೇಳುವವರಿಗೆ ಕೇಂದ್ರ ಸರ್ಕಾರದ ಒಂದು ಆದೇಶ ತೋರಿಸಬೇಕು. ಕ್ರೀಡಾಪಟುಗಳನ್ನು ಸರ್ಕಾರಿ ಕೆಲಸಕ್ಕೆ ತೆಗೆದುಕೊಳ್ಳುವ ಬಗ್ಗೆ 1980ರ ಆಗಸ್ಟ್ 4ರಂದು ಸಿಬ್ಬಂದಿ ಇಲಾಖೆ ಹೊರಡಿಸಿದ ಆದೇಶವದು. ದೇಶವನ್ನೋ ರಾಜ್ಯವನ್ನೋ ಪ್ರತಿನಿಧಿಸಿದವರ ಜೊತೆಗೆ, ಅಂತರ ವಿಶ್ವವಿದ್ಯಾಲಯ ಟೂರ್ನಿಯಲ್ಲಿ ತಮ್ಮ ವಿಶ್ವವಿದ್ಯಾಲಯದ ಪರ ಆಡಿದವರಿಗೂ ಅದು ಅರ್ಹತೆ ಕೊಟ್ಟಿತು. ಅದಕ್ಕೆಂದೇ ಪ್ರತ್ಯೇಕ ನಮೂನೆಯ ಪ್ರಮಾಣಪತ್ರ ಇದೆ. ಹಳ್ಳಿಯ ಮನೆಯೊಂದರ ಗೂಡಿನಲ್ಲಿ ಪ್ಲಾಸ್ಟಿಕ್ ಕವರಿನೊಳಗೆ ಜೋಪಾನವಾಗಿರುವ ಆ ಹಾಳೆ ಒಂದು ಸಂಸಾರದ ದಿಕ್ಕನ್ನೇ ಬದಲಿಸಬಲ್ಲದು.

ಆದರೆ ಕಾಲೇಜಿನ ಪರ ಆಡಿದ್ದಕ್ಕೆ ಆ ಹಾಳೆ ಸಿಗುವುದಿಲ್ಲ, ವಿಶ್ವವಿದ್ಯಾಲಯದ ತಂಡಕ್ಕೆ ಸೇರಬೇಕು. ದಾರಿ ಹೀಗಿದೆ: ಅಂತರ ಕಾಲೇಜು ಟೂರ್ನಿ ನಡೆಯುವಾಗ ಆಯ್ಕೆದಾರರು ಬದಿಯಲ್ಲಿ ಕೂತು ಹೆಸರು ಬರೆದುಕೊಳ್ಳುತ್ತಾರೆ. ಸಂಭಾವ್ಯರ ಪಟ್ಟಿ, ತರಬೇತಿ ಶಿಬಿರ, ಅಂತಿಮ ತಂಡ. ಆ ತಂಡ ಭಾರತೀಯ ವಿಶ್ವವಿದ್ಯಾಲಯಗಳ ಒಕ್ಕೂಟ ನಡೆಸುವ ದಕ್ಷಿಣ ವಲಯ ಟೂರ್ನಿಗೆ ಹೋಗುತ್ತದೆ. ಅಲ್ಲಿ ಮುಂದಿನ ಸ್ಥಾನ ಗಳಿಸಿದರೆ ಅಖಿಲ ಭಾರತ ಮಟ್ಟ. 2020ರಲ್ಲಿ ಭುವನೇಶ್ವರದಲ್ಲಿ ಶುರುವಾಗಿ, 2022ರಲ್ಲಿ ಬೆಂಗಳೂರಿನಲ್ಲಿ ಎರಡನೆಯ ಸಲ ನಡೆದ ಖೇಲೊ ಇಂಡಿಯಾ ವಿಶ್ವವಿದ್ಯಾಲಯ ಕ್ರೀಡಾಕೂಟ ಈ ಏಣಿಗೆ ಸೇರಿದ ಹೊಸ ಮೆಟ್ಟಿಲು.

ಈ ಏಣಿಯ ಮೊದಲ ಮೆಟ್ಟಿಲಿನಲ್ಲೇ ತೊಡಕಿದೆ. ಶ್ರೀನಿವಾಸಪುರದ ಒಬ್ಬ ಒಳ್ಳೆಯ ಮಿಡ್‌ಫೀಲ್ಡರ್ ತನ್ನ ದುರ್ಬಲ ತಂಡದೊಂದಿಗೆ ಬೆಂಗಳೂರಿನ ಬಲಿಷ್ಠ ಕಾಲೇಜಿನ ಎದುರು ಮೊದಲ ಸುತ್ತಿನಲ್ಲಿ ಆಡುತ್ತಾನೆ ಎಂದುಕೊಳ್ಳಿ. ಚೆಂಡು ಅವನ ಕಾಲಿಗೆ ಸಿಗುವುದೇ ಅಪರೂಪ. ಬೆಳಕು ಸಾಲದು, ಪಂದ್ಯ ಬಹಳ ಇದೆ ಎಂದು ಮೊದಲ ಸುತ್ತಿನ ಆಟದ ಅವಧಿಯನ್ನು ಮೊಟಕು ಮಾಡುವುದೂ ಉಂಟು. ಅಷ್ಟರಲ್ಲಿ ಆಯ್ಕೆದಾರರ ಕಣ್ಣಿಗೆ ಬೀಳಬೇಕು. ಅದೇ ಬೆಂಗಳೂರಿನ ಹುಡುಗ ಫೈನಲ್‌ವರೆಗೆ ನಾಲ್ಕು ಸಲ ಕಣ್ಣಿಗೆ ಬೀಳುತ್ತಾನೆ. ಕೆಲವು ಟೂರ್ನಿಗಳಲ್ಲಿ ಕೊನೆಯ ನಾಲ್ಕು ತಂಡಗಳಿಗೆ ಲೀಗ್ ಆಡಿಸುತ್ತಾರೆ. ಎಂದರೆ, ಹೆಚ್ಚು ಆಡಿ ಪಳಗಿದವರಿಗೇ ಇನ್ನೂ ಮೂರು ಪಂದ್ಯ. ಆಡಬೇಕಾಗಿದ್ದವರು ಆಗಲೇ ಊರು ಸೇರಿರುತ್ತಾರೆ.

ಆಯ್ಕೆದಾರರನ್ನು ನಾನಿಲ್ಲಿ ದೂರುತ್ತಿಲ್ಲ. ಕಂಡದ್ದನ್ನಷ್ಟೇ ಅವರು ಬರೆದುಕೊಳ್ಳಬಹುದು.

ಪೂರ್ವದ ಕಡೆ ಬಾರದ ಆಟ

ಬೆಂಗಳೂರಿನ ಫುಟ್‌ಬಾಲ್ ಚರಿತ್ರೆ ಸಾಮಾನ್ಯದ್ದಲ್ಲ. ಮುಂಬೈಯ ರೋವರ್ಸ್ ಕಪ್ ಅನ್ನು ಬ್ರಿಟಿಷ್ ಪಲ್ಟನ್ನುಗಳ ಕೈಯಿಂದ ಮೊದಲು ಕಸಿದುಕೊಂಡ ಭಾರತೀಯ ತಂಡ ಬೆಂಗಳೂರು ಮುಸ್ಲಿಮ್ಸ್, 1937ರಲ್ಲಿ. ಮರುವರ್ಷವೂ ಕಪ್ ಅವರದೇ. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಮೊಟ್ಟಮೊದಲ ಒಲಿಂಪಿಕ್ ಗೋಲು ಹೊಡೆದ ಸಾರಂಗಪಾಣಿ ರಾಮನ್ ಮೈಸೂರು ರಾಜ್ಯದ ಆಟಗಾರ. ಸಂತೋಷ್ ಟ್ರೋಫಿಯನ್ನು ಮೈಸೂರು ನಾಲ್ಕು ಸಲ ಗೆದ್ದಿತ್ತು, ಕೊನೆಯದು 1968–69ರಲ್ಲಿ. ಮತ್ತೆ ಆ ಟ್ರೋಫಿ ನಮ್ಮ ಕೈಸೇರಿದ್ದು 54 ವರ್ಷಗಳ ಮೇಲೆ, 2023ರ ಮಾರ್ಚ್ 4ರಂದು, ಸೌದಿಯ ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿದಾಗ.

ಇಷ್ಟೆಲ್ಲ ಚರಿತ್ರೆಯ ಬೆಂಗಳೂರು ಇರುವುದು ಕೋಲಾರದಿಂದ ಎರಡು ಗಂಟೆಯ ದಾರಿಯಲ್ಲಿ. ಆದರೂ ಆ ಆಟ ಹೊಸಕೋಟೆ ದಾಟಿ ಪೂರ್ವಕ್ಕೆ ಹೆಚ್ಚು ಬರಲಿಲ್ಲ. ರಾಜ್ಯದ ಲೀಗ್ ಎಂದರೆ ಇಂದಿಗೂ ಬಹುಮಟ್ಟಿಗೆ ಬೆಂಗಳೂರಿನ ಲೀಗೇ. ಕೋಲಾರ ಜಿಲ್ಲೆಯಲ್ಲಿ ಫುಟ್‌ಬಾಲ್ ಬೇರುಬಿಟ್ಟದ್ದು ಒಂದೇ ಕಡೆ, ಕೆ.ಜಿ.ಎಫ್.ನಲ್ಲಿ. ಅಲ್ಲಿಗೆ ಅದನ್ನು ತಂದದ್ದು ಚಿನ್ನದ ಗಣಿ. 1880ರಲ್ಲಿ ಜಾನ್ ಟೇಲರ್ ಕಂಪನಿ ಬಂದ ಮೇಲೆ ಇಂಗ್ಲಿಷ್ ಎಂಜಿನಿಯರುಗಳು, ಆಂಗ್ಲೋ ಇಂಡಿಯನ್ನರು, ತಮಿಳು ಕಾರ್ಮಿಕರು ಸೇರಿ ಕಟ್ಟಿದ ಊರದು. ಶಿಫ್ಟ್ ಮುಗಿಸಿ ಮೇಲೆ ಬಂದವರಿಗೆ ಮೈದಾನಗಳಿದ್ದವು, ಸಂಜೆಗೆ ಆಟವಿತ್ತು, ಆಟ ನೋಡುವ ಜನವಿದ್ದರು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿತು. ಕೆಲಸ ಹುಡುಕಿಕೊಂಡು ಬೆಳಗಿನ ರೈಲಿಗೆ ಬೆಂಗಳೂರಿಗೆ ಹೋಗಿ ರಾತ್ರಿ ಹಿಂತಿರುಗುವ ಊರಿನಲ್ಲಿ ಸಂಜೆ ಆಡುವವರು ಕಡಿಮೆಯಾದರು. ಆದರೂ ಅಲ್ಲಿ ಫುಟ್‌ಬಾಲ್ ಸತ್ತಿಲ್ಲ. ತಲೆಮಾರುಗಳ ಕಾಲ ಊರಿನೊಳಗೇ ಒಬ್ಬರೊಬ್ಬರ ಎದುರು ಆಡಿದವರು ಸುಲಭಕ್ಕೆ ಬಿಡುವುದಿಲ್ಲ.

ಕೆ.ಜಿ.ಎಫ್.ನಲ್ಲಿದ್ದು ಉಳಿದ ತಾಲ್ಲೂಕುಗಳಲ್ಲಿ ಇಲ್ಲದ್ದು ಏನು ಎಂದು ಯೋಚಿಸಿದರೆ ಹಣವೋ ಹುಲ್ಲೋ ನೆನಪಾಗುವುದಿಲ್ಲ. ಪಕ್ಕದಲ್ಲೇ, ನಡೆದುಹೋಗುವ ದೂರದಲ್ಲಿ, ಮತ್ತೆ ಮತ್ತೆ ಸಿಗುವ ಎದುರಾಳಿ. ಅದೊಂದು ಇತ್ತು.

1964ರಲ್ಲಿ ಬೆಂಗಳೂರು ವಿಶ್ವವಿದ್ಯಾಲಯ ಶುರುವಾದಾಗಿನಿಂದ 2017ರವರೆಗೆ, ಅರ್ಧ ಶತಮಾನಕ್ಕೂ ಹೆಚ್ಚು ಕಾಲ, ಕೋಲಾರದ ಕಾಲೇಜುಗಳ ಎದುರಾಳಿ ದೂರದಲ್ಲಿತ್ತು, ವರ್ಷಕ್ಕೊಮ್ಮೆ ಸಿಗುತ್ತಿತ್ತು, ತಮಗಿಂತ ಬಹಳ ಬಲವಾಗಿತ್ತು. ಈಗಿನ ವಿಶ್ವವಿದ್ಯಾಲಯದ ವ್ಯಾಪ್ತಿಯಲ್ಲೂ ನಗರದ ಪೂರ್ವ ಭಾಗದ ಕಾಲೇಜುಗಳಿವೆ. ವಿಳಾಸ ಟಮಕಕ್ಕೆ ಬಂದರೂ ಟೂರ್ನಿಯ ಸ್ವರೂಪ ಬದಲಾಗಿಲ್ಲ.

ಇಲ್ಲಿ ಸ್ವಲ್ಪ ದೂರದ ಕತೆಯೊಂದು ಹೇಳಬೇಕು. ಇವತ್ತು ಅಮೆರಿಕದಲ್ಲಿ ಕಾಲೇಜು ಫುಟ್‌ಬಾಲ್ ಎಂದರೆ ದೊಡ್ಡ ವ್ಯವಹಾರ, ಮೇಲಿನ ದರ್ಜೆಯ ತಂಡ ಸೀಸನ್ನಿಗೆ 12 ಪಂದ್ಯ ಆಡುತ್ತದೆ. ಅಲ್ಲಿನ ಆಟ ಬೇರೆಯಾಯಿತು, ಚೆಂಡಿನ ಆಕಾರವೂ ಬೇರೆ. ಆದರೆ ಅದರ ಆರಂಭ ನಮ್ಮ ಫುಟ್‌ಬಾಲಿಗೆ ಹತ್ತಿರದ ನಿಯಮಗಳಲ್ಲಿ, 1869ರ ನವೆಂಬರ್ 6ರಂದು. ನ್ಯೂ ಬ್ರನ್ಸ್‌ವಿಕ್ ಎಂಬ ಊರಿನ ರಟ್ಗರ್ಸ್ ಕಾಲೇಜಿಗೆ ನೆರೆಯ ಪ್ರಿನ್ಸ್‌ಟನ್ ಹುಡುಗರು ಆಡಲು ಬಂದರು. ಒಂದೊಂದು ಕಡೆ 25 ಜನ. ರಟ್ಗರ್ಸ್ 6–4ರಿಂದ ಗೆದ್ದಿತು. ಒಂದು ವಾರ ಬಿಟ್ಟು ರಟ್ಗರ್ಸ್ ಹುಡುಗರು ಪ್ರಿನ್ಸ್‌ಟನ್ನಿಗೆ ಹೋಗಿ 8–0ರಿಂದ ಸೋತು ಬಂದರು. ಎರಡು ಊರು, ಎರಡು ಪಂದ್ಯ, ಅಷ್ಟೇ ಆ ಸೀಸನ್. ಆ ಎರಡು ಊರುಗಳ ನಡುವಿನ ಅಂತರ ಸುಮಾರು 27 ಕಿಲೊಮೀಟರ್. ಹೆಚ್ಚುಕಡಿಮೆ ಕೋಲಾರದಿಂದ ಶ್ರೀನಿವಾಸಪುರಕ್ಕೆ ಇರುವಷ್ಟು.

ಸೋತವರಿಗೆ ಮುಂದಿನ ವಾರ ತಮ್ಮೂರಿನಲ್ಲೇ ಇನ್ನೊಂದು ಪಂದ್ಯವಿತ್ತು. ಬ್ರಿಟನ್ನಿನ ವಿಶ್ವವಿದ್ಯಾಲಯಗಳು ಇವತ್ತಿಗೂ ಬುಧವಾರ ಮಧ್ಯಾಹ್ನಗಳನ್ನು ಪಂದ್ಯಗಳಿಗೆ ಮೀಸಲಿಟ್ಟು ಲೀಗ್ ಆಡಿಸುತ್ತವೆ. ಒಂದು ವಾರ ನಮ್ಮಲ್ಲಿಗೆ ಬನ್ನಿ, ಇನ್ನೊಂದು ವಾರ ನಿಮ್ಮಲ್ಲಿಗೆ ಬರುತ್ತೇವೆ.

ಈಗ ಕೋಲಾರ ಜಿಲ್ಲೆಯ ನಕ್ಷೆ ನೋಡಿ. ನಡುವೆ ಕೋಲಾರ. ಪೂರ್ವಕ್ಕೆ ಹೆದ್ದಾರಿಯಲ್ಲಿ ಮುಳಬಾಗಿಲು, ಉತ್ತರದ ಕಡೆ ಶ್ರೀನಿವಾಸಪುರ, ನೈಋತ್ಯಕ್ಕೆ ಮಾಲೂರು. ಮೂರೂ ಕೋಲಾರದಿಂದ 25–30 ಕಿಲೊಮೀಟರಿನ ಆಸುಪಾಸು. ನಾಲ್ಕು ತಂಡಗಳ ಲೀಗ್‌ಗೆ ಇದಕ್ಕಿಂತ ಒಳ್ಳೆಯ ನಕ್ಷೆಯನ್ನು ಬೇಕೆಂದೇ ಬರೆಯಲು ಆಗುವುದಿಲ್ಲ. ಪ್ರತಿ ತಂಡ ಉಳಿದ ಮೂರರ ವಿರುದ್ಧ ಒಮ್ಮೆ ತನ್ನೂರಲ್ಲಿ, ಒಮ್ಮೆ ಅವರೂರಲ್ಲಿ ಆಡಿದರೆ ಒಟ್ಟು 12 ಪಂದ್ಯ. ಶನಿವಾರಕ್ಕೆ ಎರಡರಂತೆ ಆರು ಶನಿವಾರ. ಒಬ್ಬೊಬ್ಬ ಹುಡುಗನಿಗೆ ಆರು ಮ್ಯಾಚು, 540 ನಿಮಿಷದ ಆಟ. ಮೊದಲ ಸುತ್ತಿನಲ್ಲೇ ಸೋತು ಬರುವವನು ಮೂರು ವರ್ಷದಲ್ಲಿ ಆಡುವುದರ ಎರಡರಷ್ಟನ್ನು ಇವನು ಒಂದೂವರೆ ತಿಂಗಳಲ್ಲಿ ಆಡಿರುತ್ತಾನೆ. ಸೋತ ಶನಿವಾರದ ಸಂಜೆ ಎಲ್ಲಿ ತಪ್ಪಾಯಿತೆಂದು ಮಾತಾಡಿಕೊಂಡು, ಸೋಮವಾರದಿಂದ ಶುಕ್ರವಾರದವರೆಗೆ ಅದನ್ನೇ ತಿದ್ದಿಕೊಂಡು, ಮುಂದಿನ ಶನಿವಾರ ಇಳಿಯಬಹುದು.

ಕಾಲ ಯಾವುದು? ಮಳೆಯ ಮಾತು ಇಲ್ಲಿಗೆ ಬರುತ್ತದೆ. ಶ್ರೀನಿವಾಸಪುರದ ಮಾವು ಜುಲೈ ಹೊತ್ತಿಗೆ ಮುಗಿಯುತ್ತದೆ, ಮಂಡಿ ಕೆಲಸಕ್ಕೆ ಹೋದ ಹುಡುಗರು ಬಿಡುವಾಗುತ್ತಾರೆ. ಸೆಪ್ಟೆಂಬರಿಗೆ ನೆಲ ಮೆತ್ತಗಾಗಿರುತ್ತದೆ. ಸೆಪ್ಟೆಂಬರ್ ಮೊದಲ ವಾರ ಶುರುಮಾಡಿದರೆ ಗಣೇಶನ ಹಬ್ಬಕ್ಕೊಂದು ವಾರ ಬಿಟ್ಟರೂ ಅಕ್ಟೋಬರ್ ನಡುವಿಗೆ ಮುಗಿಯುತ್ತದೆ. ಅಲ್ಲಿಂದಾಚೆ ವಿಶ್ವವಿದ್ಯಾಲಯದ ಟೂರ್ನಿ ಯಾವಾಗ ಬಂದರೂ ತಂಡ ಕಾದು ಸಿದ್ಧವಾಗಿರುತ್ತದೆ.

ಖರ್ಚಿನ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ. ವಿದ್ಯಾರ್ಥಿ ಬಸ್ ಪಾಸು ಮನೆಯಿಂದ ಕಾಲೇಜಿನ ದಾರಿಗಷ್ಟೇ ನಡೆಯುತ್ತದೆ, ಮುಳಬಾಗಿಲಿನ ಹುಡುಗ ಅದನ್ನು ತೋರಿಸಿ ಮಾಲೂರಿಗೆ ಹೋಗಲಾರ. ಹದಿನೈದು ಹುಡುಗರ ಎರಡು ಕಡೆಯ ಚಾರ್ಜು, ಬಾಳೆಹಣ್ಣು, ಮ್ಯಾಚು ಮುಗಿದ ಮೇಲೆ ಒಂದು ಊಟ, ಇಷ್ಟನ್ನು ಕಾಲೇಜಿನ ಕ್ರೀಡಾ ಶುಲ್ಕದಿಂದ ತೆಗೆಯಬೇಕು. ಕಾಲೇಜು ಇದಕ್ಕೆ ಮನಸ್ಸು ಮಾಡಬೇಕು. ಹುಡುಗಿಯರ ವಿಷಯದಲ್ಲಿ ಪರಿಸ್ಥಿತಿ ಈಗ ಎಷ್ಟೋ ಸಲೀಸು. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಸರ್ಕಾರಿ ಬಸ್ಸಿನ ಪ್ರಯಾಣ ಅವರಿಗೆ ಉಚಿತ. ಕೋಲಾರದಲ್ಲಿ ಸರ್ಕಾರಿ ಮಹಿಳಾ ಕಾಲೇಜಿದೆ, ಉಳಿದ ಮೂರು ಊರುಗಳ ಕಾಲೇಜುಗಳಲ್ಲೂ ಹುಡುಗಿಯರು ಬೇಕಾದಷ್ಟಿದ್ದಾರೆ. ಹನ್ನೊಂದು ಜನ ಸೇರದಿದ್ದರೆ ಏಳು ಜನರ ತಂಡ ಮಾಡಿ, ಮೈದಾನ ಚಿಕ್ಕದು ಮಾಡಿ. ಪಂದ್ಯ ಎರಡೂವರೆಗೆ ಶುರುಮಾಡಿದರೆ ಕತ್ತಲಾಗುವ ಮುಂಚೆ ಮನೆ ಸೇರಬಹುದು. ತಾಯಂದಿರು ಮೊದಲು ಕೇಳುವುದು ಬಸ್ಸಿನ ವೇಳೆಯನ್ನು, ಅದಕ್ಕೆ ಸರಿಯಾದ ಉತ್ತರ ಕೊಟ್ಟರೆ ಮಿಕ್ಕದ್ದಕ್ಕೆ ಅವರು ಅಡ್ಡಿ ಬರುವುದಿಲ್ಲ ಎಂದೇ ನನ್ನ ನಂಬಿಕೆ.

ಉಳಿಯುವ ನಿಜವಾದ ಕಗ್ಗಂಟು ರೆಫರಿಯದು. ನಾಲ್ಕು ತಂಡವೂ ಒಂದೇ ಶನಿವಾರ ಆಡುವುದರಿಂದ ನಾಲ್ಕೂ ಪಿಡಿ ಸರ್‌ಗಳು ತಮ್ಮ ತಮ್ಮ ತಂಡದ ಜೊತೆಯಲ್ಲೇ ಇರುತ್ತಾರೆ. ಅವರಲ್ಲೊಬ್ಬರು ಪೀಪಿ ಹಿಡಿದರೆ ಮೊದಲ ಪೆನಾಲ್ಟಿಗೇ ಲೀಗ್ ಮುರಿದುಬೀಳುತ್ತದೆ. ಬೆಂಗಳೂರಿನಿಂದ ಪ್ರತಿವಾರ ರೆಫರಿ ಕರೆಸಿದರೆ ಖರ್ಚು ಮೈಮೇಲೆ ಬರುತ್ತದೆ. ಹತ್ತಿರದಲ್ಲೇ ಕೆ.ಜಿ.ಎಫ್. ಇದೆ. ಗಣಿಯ ಕಾಲದಲ್ಲಿ ಆಡಿದವರು, ಅವರ ಮಕ್ಕಳು, ಆಟದ ನಿಯಮ ಬಾಯಿಪಾಠ ಇರುವವರು ಅಲ್ಲಿದ್ದಾರೆ. ಸೀಸನ್ ಶುರುವಾಗುವ ಮುಂಚೆ ರಾಜ್ಯ ಫುಟ್‌ಬಾಲ್ ಸಂಸ್ಥೆಯ ಕಡೆಯಿಂದ ಒಂದು ರೆಫರಿ ಶಿಬಿರವನ್ನು ಕೆ.ಜಿ.ಎಫ್.ನಲ್ಲೇ ಇಟ್ಟು, ಎಂಟು ಹತ್ತು ಜನರನ್ನು ತಯಾರು ಮಾಡಿಕೊಂಡರೆ ಶನಿವಾರಕ್ಕೆ ಎರಡು ಪಂದ್ಯಕ್ಕೆ ಧಾರಾಳವಾಗಿ ಸಾಕು. ಬಸ್ ಚಾರ್ಜು, ಊಟ, ಕೈಗೊಂದಿಷ್ಟು ಗೌರವಧನ. ಮೊದಲ ಪತ್ರ ಬರೆಯಬೇಕಾದ್ದು ಕೆ.ಜಿ.ಎಫ್.ನ ಆ ಆಟಗಾರರಿಗೆ, ಆಗಸ್ಟ್ ಮುಗಿಯುವುದರೊಳಗೆ.